ತೇನಮ್ಮನ ಟೇಪಿನಲ್ಲಿ ನಮ್ಮ ಮನೆ

ಹೋದ ತಿಂಗಳು ಡೆಂಕಣಿಕೋಟೆಯಲ್ಲಿ ಅಂಚೆಟ್ಟಿಯ ಬಸ್ಸಿಗೆ ಕಾಯುತ್ತ ನಿಂತಿದ್ದೆ. ಒಬ್ಬ ಹೆಂಗಸು ತಲೆಯ ಮೇಲಿನ ಮೂಟೆಯನ್ನು ನನ್ನ ಕಾಲ ಬಳಿ ಧೊಪ್ಪನೆ ಇಳಿಸಿ, ಸೆರಗಿನಿಂದ ಕತ್ತು ಒರೆಸಿಕೊಂಡಳು. ಹಳೆಯ ಸೀರೆಯಲ್ಲಿ ಬಿಗಿದು ಕಟ್ಟಿದ ರೇಷ್ಮೆ ಸೊಪ್ಪು, ಹುಳಕ್ಕೆ ಹಾಕುವ ಹಿಪ್ಪುನೇರಳೆ. ಗಂಟಿನ ಸಂದಿಯಿಂದ ಅದರ ವಾಸನೆ ಎದ್ದು ಬಂತು. ಹಸಿ ಎಲೆಯ ಒಗರು, ಮುರಿದ ತೊಟ್ಟಿನ ಹಾಲು, ಕಟ್ಟಿನೊಳಗೇ ಬೆಚ್ಚಗಾಗುತ್ತಿರುವ ಹಸಿರಿನ ಬೆವರು. ಅದು ಮೂಗಿಗೆ ಬಿದ್ದದ್ದೇ ತಡ, ಬಸ್ ನಿಲ್ದಾಣದ ಗದ್ದಲವೆಲ್ಲ ಹಿಂದಕ್ಕೆ ಸರಿದು, ನಾನು ನಮ್ಮ ಹುಳದ ಮನೆಯ ಹೊಸ್ತಿಲಲ್ಲಿ ಕಾಲು ತೊಳೆದುಕೊಂಡು ನಿಂತಿದ್ದೆ. ನಿಮಗೂ ಅಂಥದೊಂದು ವಾಸನೆ ಇದ್ದೀತು. ಮನೆ ಹೋಗಿ ಎಷ್ಟು ಕಾಲವಾದರೂ ಅದು ಮಾತ್ರ ನಮ್ಮನ್ನು ಹುಡುಕಿಕೊಂಡು ಬರುತ್ತದೆ.

ಅಂಚೆಟ್ಟಿಯ ರಸ್ತೆಯಲ್ಲಿ ಬಸ್ಸಿಳಿದು ಎರಡು ಮೈಲಿ ನಡೆದರೆ ನಮ್ಮೂರು. ಅಪ್ಪನಿಗೆ ಮೂಕಂಡಪಲ್ಲಿಯ ಒಂದು ಕಾರ್ಖಾನೆಯಲ್ಲಿ ಪಾಳಿ ಕೆಲಸ. ಅವನೂ ಅಮ್ಮನೂ ಅಲ್ಲಿ ಒಂದೇ ಕೋಣೆಯ ಬಾಡಿಗೆ ಮನೆಯಲ್ಲಿದ್ದರು. ಐದನೇ ತರಗತಿ ಮುಗಿಯುವವರೆಗೆ ನಾನು ಬೆಳೆದದ್ದು ಊರಿನಲ್ಲಿ, ಅಜ್ಜಿ, ದೊಡ್ಡಪ್ಪ, ದೊಡ್ಡಮ್ಮ ಮತ್ತು ಅವರ ಒಬ್ಬಳೇ ಮಗಳು ಪದ್ಮಕ್ಕನ ಜೊತೆ. ಹೆಂಚಿನ ಉದ್ದನೆಯ ಮನೆ. ಅರ್ಧ ನಮಗೆ, ಅರ್ಧ ಹುಳಕ್ಕೆ. ರೇಷ್ಮೆ ಹುಳ ನಾಲ್ಕು ಸಲ ಪೊರೆ ಬಿಡುತ್ತದೆ. ಅದಕ್ಕೆ ನಮ್ಮಲ್ಲಿ ಜ್ವರ ಅನ್ನುತ್ತಾರೆ. ಜ್ವರಕ್ಕೆ ಕೂತ ಹುಳ ಒಂದು ದಿನವೆಲ್ಲ ತಲೆಯೆತ್ತಿ ಅಲುಗಾಡದೆ ಉಪವಾಸ ಇರುತ್ತದೆ. ನಾಲ್ಕನೇ ಜ್ವರದಿಂದ ಎದ್ದ ಮೇಲೆ ಅದರ ಹಸಿವಿಗೆ ಮೇರೆಯಿಲ್ಲ. ಸಾವಿರಾರು ಬಾಯಿಗಳ ಚರಚರ ಸದ್ದು ಗೋಡೆ ದಾಟಿ ನಾವು ಊಟಕ್ಕೆ ಕೂತಲ್ಲಿಗೂ ಕೇಳುತ್ತಿತ್ತು. ಆ ಅರ್ಧ ಮನೆಗೆ ಅಜ್ಜಿಯೇ ಒಡತಿ. ಬಾಗಿಲಲ್ಲಿ ಬೇವಿನ ಸೊಪ್ಪು, ಸುಣ್ಣದ ಪುಡಿ, ಕಾಲು ತೊಳೆಯಲು ಒಂದು ಬಾನಿ ನೀರು. ತಿಂಗಳ ಮೂರು ದಿನ ಹೆಂಗಸರು ಆ ಬಾಗಿಲ ಬಳಿ ಸುಳಿಯುವಂತಿರಲಿಲ್ಲ. ಅಜ್ಜಿಯ ಕಣ್ಣು ಆಗಲೇ ಮಂಜಾಗಿತ್ತು, ಆದರೂ ಯಾರು ಯಾವಾಗ ಒಳಗೆ ಹೋದರು ಎಂಬುದು ಹೆಜ್ಜೆಯ ಸದ್ದಿನಿಂದಲೇ ಅವಳಿಗೆ ತಿಳಿಯುತ್ತಿತ್ತು.

ಆ ಮನೆಗೆ ಒಂದು ವರ್ಷ, ಮುಂಗಾರಿಗೆ ಸ್ವಲ್ಪ ಮುಂಚೆ, ತೇನ್‌ಮೊಳಿ ಎಂಬ ಮದರಾಸಿನ ಹೆಂಗಸು ಬಂದರು. ಮೂವತ್ತರ ಆಸುಪಾಸು, ಕತ್ತರಿಸಿದ ಕೂದಲು, ಬೆನ್ನಿಗೊಂದು ಚೀಲ. ಟವೆಲಿನಲ್ಲಿ ಸುತ್ತಿದ ಸಣ್ಣ ಕ್ಯಾಮೆರಾವನ್ನು ಕೂಸಿನ ಹಾಗೆ ಎದೆಗೆ ಅವಚಿಕೊಂಡಿದ್ದರು. ಮೊಟ್ಟೆಯೊಡೆದ ದಿನದಿಂದ ಗೂಡು ಕಟ್ಟುವ ದಿನದವರೆಗೆ ಒಂದು ಮನೆಯಲ್ಲಿದ್ದು, ಆ ಮನೆಯವರ ದಿನದಿನದ ಬದುಕನ್ನು ಚಿತ್ರ ಮಾಡಬೇಕು ಎಂದು ಅವರ ಆಸೆ. "ಯಾರ್ ಕಳ್ಸಿದ್ರು ನಿನ್ನ? ಸರ್ಕಾರದೋರಾ?" ಎಂದು ಅಜ್ಜಿ ತನ್ನ ತಮಿಳಿನಲ್ಲಿ ಕೇಳಿದಳು. ಯಾರೂ ಕಳಿಸಿಲ್ಲ, ನಾನೇ ಬಂದೆ, ಮದರಾಸಿನಲ್ಲಿ ಮದುವೆಗಳ ವಿಡಿಯೋ ಮಾಡಿ ಹೊಟ್ಟೆ ಹೊರೆಯುತ್ತೇನೆ, ಇದು ನನ್ನ ಸ್ವಂತ ಕೆಲಸ ಎಂದರು. ಯಾರೂ ಕಳಿಸದೆ ಒಬ್ಬಳೇ ಹೀಗೆ ಬಂದದ್ದು ಅಜ್ಜಿಗೆ ಅನುಮಾನವೂ ಆಯಿತು, ಕನಿಕರವೂ ಆಯಿತು. ಪಡಸಾಲೆಯ ಕೋಣೆ ಬಿಟ್ಟುಕೊಟ್ಟಳು. ಆ ಹೆಸರು ಅವಳ ಬಾಯಲ್ಲಿ ಮೊದಲ ದಿನವೇ ತೇನಮ್ಮ ಆಯಿತು, ನಮಗೂ ಅದೇ ಉಳಿಯಿತು.

ತೇನಮ್ಮ ನಮ್ಮ ಹಾಗೆ ಬೆಳಗ್ಗೆ ಎದ್ದು ಅಂಗಳ ಗುಡಿಸಿದರು, ಮುದ್ದೆ ಅಗಿದು ಅಜ್ಜಿಯಿಂದ ಬೈಸಿಕೊಂಡರು, ದೊಡ್ಡಮ್ಮ ಸೊಪ್ಪು ಹೆಚ್ಚುವಾಗ ಗಂಟೆಗಟ್ಟಲೆ ಎದುರಿಗೆ ಕುಕ್ಕರಗಾಲಲ್ಲಿ ಕೂತರು. ದೊಡ್ಡಮ್ಮನ ಕೈಯನ್ನು ಅಷ್ಟು ಹೊತ್ತು ನೋಡಿದವರು ಅದುವರೆಗೆ ಯಾರೂ ಇರಲಿಲ್ಲ. ಮೊದಮೊದಲು ನಾಚಿ ಸೆರಗಿನಲ್ಲಿ ಕೈ ಮುಚ್ಚಿಕೊಳ್ಳುತ್ತಿದ್ದ ದೊಡ್ಡಮ್ಮ ಆಮೇಲೆ ಕ್ಯಾಮೆರಾದ ಕಡೆ ನೋಡದೆ ತನ್ನಷ್ಟಕ್ಕೆ ಹಾಡು ಗುನುಗುವಷ್ಟು ಒಗ್ಗಿದಳು. ನಮ್ಮದು ಗಡಿಯ ಊರು, ನಾವೆಲ್ಲ ಕನ್ನಡ, ತಮಿಳು, ತೆಲುಗು ಮೂರನ್ನೂ ಕಲಸಿ ಆಡುತ್ತಿದ್ದೆವು. ತೇನಮ್ಮನಿಗೆ ತಮಿಳು ಬಿಟ್ಟು ಬೇರೆ ಬರುತ್ತಿರಲಿಲ್ಲ. ಮನೆಯವರು ತಮ್ಮತಮ್ಮಲ್ಲೇ ಕನ್ನಡದಲ್ಲಿ ಮಾತಾಡಿಕೊಂಡರೆ ಅವರು ಕಣ್ಣು ಅರೆಮುಚ್ಚಿ, ಹಾಡು ಕೇಳುವ ಹಾಗೆ ಕೇಳುತ್ತಿದ್ದರು. ಅವರ ತಿಂಗಳ ದಿನಗಳು ಬಂದಾಗ ತಾವಾಗಿಯೇ ಅಜ್ಜಿಗೆ ಹೇಳಿ, ಮೂರು ದಿನ ಹುಳದ ಮನೆಯ ಕಿಟಕಿಯಾಚೆ ನಿಂತು ಚಿತ್ರ ತೆಗೆದರು. "ನೋಡು, ಪ್ಯಾಟೆಯೋಳಾದ್ರೂ ಎಷ್ಟು ನಿಯತ್ತು!" ಎಂದಳು ಅಜ್ಜಿ. ಪದ್ಮಕ್ಕ ಆಗ ಕಸ ತೆಗೆಯುತ್ತಿದ್ದವಳು ನನ್ನ ಕಡೆ ತಿರುಗಿ ಮೆಲ್ಲಗೆ ಅಂದಳು, "ಅವ್ರಿಗೇನು, ಹೇಳ್ಬೋದು. ಹೇಳಿದ್ರೆ ಅವ್ರ್ನ ಯಾರೂ ಸ್ಕೂಲ್ ಬಿಡಿಸಲ್ಲ."

ಪದ್ಮಕ್ಕ ಎಂಟನೇ ತರಗತಿ ಮುಗಿಸಿದ್ದಳು, ಇನ್ನೂ ಮೈನೆರೆದಿರಲಿಲ್ಲ. ಒಂಬತ್ತಕ್ಕೆ ಡೆಂಕಣಿಕೋಟೆಗೆ ಬಸ್ಸಿನಲ್ಲಿ ಹೋಗಬೇಕು. ನಮ್ಮ ಬೀದಿಯಲ್ಲಿ ಮೈನೆರೆದ ಹುಡುಗಿ ಬಸ್ ಹತ್ತಿದ್ದನ್ನು ನಾನು ಕಂಡಿರಲಿಲ್ಲ. ಸೋದರಮಾವ ಬಂದು ಹಸಿರು ಗರಿಯ ಗುಡ್ಲು ಹಾಕಿ ಕೂರಿಸುತ್ತಿದ್ದ, ಆರತಿ ಆಗುತ್ತಿತ್ತು, ವರ್ಷದೊಳಗೆ ಮದುವೆ. ಪದ್ಮಕ್ಕನ ಸೋದರಮಾವ ಅಂಚೆಟ್ಟಿಯಿಂದಾಚೆ ಕಾಡಂಚಿನ ಒಂದು ಹಳ್ಳಿಯಲ್ಲಿದ್ದ, ಇನ್ನೂ ಮದುವೆಯಾಗಿರಲಿಲ್ಲ. ಅವಳನ್ನು ಅವನಿಗೇ ಕೊಡುವುದೆಂದು ಎಲ್ಲರಿಗೂ ಗೊತ್ತಿತ್ತು, ಯಾರೂ ಬಾಯಿ ಬಿಟ್ಟು ಹೇಳುತ್ತಿರಲಿಲ್ಲ.

ಹುಳಗಳು ನಾಲ್ಕನೇ ಜ್ವರದಿಂದೆದ್ದ ದಿನ ಬೆಳಗ್ಗೆಯೇ ಮಳೆ ಹೊಡೆಯಿತು. ದೊಡ್ಡಮ್ಮ ಸಂಬಂಧಿಕರ ಮನೆಗೆ ಹೋಗಿದ್ದಳು. ಒದ್ದೆ ಸೊಪ್ಪನ್ನು ಹುಳಕ್ಕೆ ಹಾಕಬಾರದು, ರೋಗ ಬೀಳುತ್ತದೆ. ಹರಡಿ, ಕೊಡವಿ, ಗಾಳಿಗಾರಿಸಿ ಹಾಕಬೇಕು. ಅದು ನನಗೂ ಗೊತ್ತಿದ್ದ ಸಂಗತಿ. ಆದರೆ ಒಂದು ದಿನ ಉಪವಾಸ ಬಿದ್ದೆದ್ದ ಹುಳಗಳು ಬಿದಿರಿನ ತಟ್ಟೆಯ ಅಂಚಿಗೆ ಬಂದು ತಲೆ ಆಡಿಸುತ್ತಿದ್ದವು. ದೊಡ್ಡಪ್ಪನೂ ಪದ್ಮಕ್ಕನೂ ತಲೆಯ ಮೇಲೆ ಸೊಪ್ಪಿನ ಹೊರೆ ಹೊತ್ತು, ನೀರು ಸುರಿಸಿಕೊಂಡು ಒಳಗೆ ಬಂದರು. "ಹಸ್ಕೊಂಡವೆ, ಹಾಕ್ಬುಡು," ಎಂದ ದೊಡ್ಡಪ್ಪ. ಹಾಕಿದರು. ತೇನಮ್ಮ ಕ್ಯಾಮೆರಾ ಹಿಡಿದು ಅವರ ಮುಂದೆ ಹಿಮ್ಮುಖವಾಗಿ ನಡೆಯುತ್ತಿದ್ದರು. ಎಲೆಯ ತುದಿಯಿಂದ ಬೀಳುವ ಒಂದೊಂದು ಹನಿಯನ್ನೂ ಅವರು ಬಿಡಲಿಲ್ಲ.

ಮಾರನೆಯ ದಿನ ಬಿಸಿಲು ಬಂತು. ಪದ್ಮಕ್ಕ ತೋಟದಲ್ಲಿ ಸೊಪ್ಪು ಬಿಡಿಸುವುದನ್ನು ದೂರದಿಂದ ತೆಗೆಯಬೇಕೆಂದು ತೇನಮ್ಮ ಅವಳ ಕುಪ್ಪಸಕ್ಕೆ ಹುಣಸೆ ಬೀಜದಷ್ಟು ಕಪ್ಪು ಮೈಕು ಸಿಕ್ಕಿಸಿ, ಅದರ ಡಬ್ಬಿಯನ್ನು ಸೊಂಟಕ್ಕೆ ಕಟ್ಟಿ, ತಾವು ಆಚೆ ಬದುವಿನ ಮೇಲೆ ಹೋಗಿ ನಿಂತರು. ಸಾಲುಗಳ ನಡುವೆ ನಾವಿಬ್ಬರೇ. ಸ್ವಲ್ಪ ಹೊತ್ತಾದ ಮೇಲೆ ಪದ್ಮಕ್ಕ ಕೈ ನಿಲ್ಲಿಸಿದಳು.

"ಮಂಜಿ, ಒಂದ್ ಮಾತ್ ಹೇಳ್ತೀನಿ. ಯಾರ್ಗೂ ಹೇಳ್ಬಾರ್ದು. ಅಜ್ಜಿಗಂತೂ ಹೇಳ್ಲೇಬ್ಯಾಡ."

"ಇಲ್ಲ ಹೇಳಲ್ಲ."

"ನಿನ್ನೆಯಿಂದ ನಾನು ಹೊರಗೆ ಆಗಿದೀನಿ ಕಣೇ. ಬಟ್ಟೆ ಎಲ್ಲ ಹಳ್ಳದಲ್ಲಿ ಒಕ್ಕೊಂಡ್ ಬಂದೆ. ಸ್ಕೂಲ್‌ಗೆ ಸೇರ್ಕೊಳ್ಳೋಗಂಟ ಹೇಳಲ್ಲ. ಒಂದ್ಸಲ ಸೇರ್ಕೊಂಡ್ಬುಟ್ರೆ ಆಮೇಲೆ ಏನಾರ ಮಾಡ್ಕೊಳ್ಳಿ."

"ಹುಳದ್ ಮನೆಗೆ ಹೋದ್ಯಲ್ಲ?"

"ಹೋಗ್ದಿದ್ರೆ ಗೊತ್ತಾಗ್ಬುಡತ್ತೆ," ಎಂದವಳು, ನನ್ನ ಕೈ ಹಿಡಿದು ಬಿಗಿಯಾಗಿ ಒತ್ತಿದಳು. ಅವಳ ಅಂಗೈ ಎಲ್ಲ ಸೊಪ್ಪಿನ ಹಾಲು, ಅಂಟು.

ಮೈಕಿನ ನೆನಪು ನಮಗಿಬ್ಬರಿಗೂ ಬರಲಿಲ್ಲ. ಅಷ್ಟು ದೂರ ನಿಂತವರಿಗೆ ಪಿಸುಮಾತು ಕೇಳಿಸುತ್ತದೆಂದು ನಾವು ತಿಳಿದಿರಲಿಲ್ಲ. ಮಧ್ಯಾಹ್ನ ತೇನಮ್ಮ ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಜಗಲಿಯಲ್ಲಿ ಕೂತಿದ್ದರು. ನನ್ನನ್ನು ಕರೆದು, ಒಂದು ಕಿವಿಗೆ ಅದನ್ನು ಹಿಡಿದರು. ಪದ್ಮಕ್ಕನ ಉಸಿರು, ಎಲೆ ಮುರಿಯುವ ಸದ್ದು, ಆಮೇಲೆ ಅದೇ ಮಾತು, ನನ್ನ ಕಿವಿಯೊಳಗೇ ಅಂದ ಹಾಗೆ. "ಎನ್ನ ಸೊನ್ನಾ?" ಎಂದು ಕೇಳಿದರು, ನಗುತ್ತ. ಏನು ಹೇಳಿದಳು? "ಪಾಡಂ," ಎಂದೆ. ಪಾಠದ ವಿಷಯ, ಸ್ಕೂಲಿನ ವಿಷಯ. ಅವರು ನಂಬಿದರು. ಇಬ್ಬರು ಹುಡುಗಿಯರು ಹಸಿರಿನ ನಡುವೆ ಪಾಠದ ಗುಟ್ಟು ಹೇಳಿಕೊಳ್ಳುವುದು ಎಷ್ಟು ಚೆನ್ನಾಗಿದೆ, ಇದನ್ನು ಚಿತ್ರದಲ್ಲಿ ಇಟ್ಟುಕೊಳ್ಳುತ್ತೇನೆ ಎಂದರು. ಗುಟ್ಟು ಉಳಿಸಿದೆ ಎಂಬ ಹೆಮ್ಮೆಯಲ್ಲಿ ನಾನು ಪದ್ಮಕ್ಕನಿಗೂ ಅದನ್ನು ಹೇಳಲಿಲ್ಲ.

ನಾಲ್ಕು ದಿನ ಕಳೆಯಿತು. ಐದನೆಯ ದಿನ ದೊಡ್ಡಮ್ಮ ಒಂದು ತಟ್ಟೆ ಎಳೆದು ನೋಡಿ ಹಾಗೇ ನಿಂತುಬಿಟ್ಟಳು. ಹುಳಗಳ ಗೆಣ್ಣುಗಳು ಊದಿಕೊಂಡಿದ್ದವು, ಚರ್ಮ ಹಳದಿಯಾಗಿ ಹೊಳೆಯುತ್ತಿತ್ತು. ಸೊಪ್ಪು ಬಿಟ್ಟು ತಟ್ಟೆಯ ಅಂಚಿನುದ್ದಕ್ಕೂ ದಿಕ್ಕುಗೆಟ್ಟು ಹರಿದಾಡುತ್ತಿದ್ದವು. ಮುಟ್ಟಿದರೆ ಒಡೆದು ಹಾಲಿನಂಥ ನೀರು ಬರುತ್ತಿತ್ತು. ಹಾಲುತೊಂಡೆ ರೋಗ. ಎರಡು ದಿನದಲ್ಲಿ ಮನೆಯ ಆ ಅರ್ಧ ಪೂರಾ ಮೌನವಾಯಿತು. ಆ ಚರಚರ ನಿಂತಾಗ ಊಟಕ್ಕೆ ಕೂತ ನಮ್ಮ ಬಾಯಿಯ ಸದ್ದು ನಮಗೇ ಕೇಳಿ ನಾಚಿಕೆಯಾಗುತ್ತಿತ್ತು. ದೊಡ್ಡಪ್ಪ ಹಿತ್ತಲಲ್ಲಿ ಗುಂಡಿ ತೋಡಿ, ಬುಟ್ಟಿ ಬುಟ್ಟಿ ಹುಳ ಸುರಿದು ಸುಣ್ಣ ಹಾಕಿದ. ಊರಿನಲ್ಲಿ ಇನ್ನೂ ಎರಡು ಮನೆಗಳಲ್ಲಿ ಅದೇ ವಾರ ಅದೇ ರೋಗ ಬಿದ್ದಿತ್ತು. ಅಜ್ಜಿ ಅದನ್ನು ಕಿವಿಗೆ ಹಾಕಿಕೊಳ್ಳಲಿಲ್ಲ. "ಯಾರೋ ಮೈಲಿಗೇಲಿ ಒಳೀಕೋಗವ್ರೆ," ಎಂದು ದಿನವಿಡೀ ಅದೊಂದೇ ಮಾತು. ತೇನಮ್ಮ ತಮ್ಮ ಮೇಲೆ ಅನುಮಾನ ಬಂದಿದೆ ಎಂದು ತಿಳಿದು ದೇವರ ಗೂಡಿನ ಮುಂದೆ ನಿಂತು ಆಣೆ ಮಾಡಿದರು. ದೊಡ್ಡಪ್ಪ ಒಂದು ಮಾತೂ ಆಡಲಿಲ್ಲ. ಅವನು ದುಃಖದಿಂದ ಸುಮ್ಮನಿದ್ದಾನೆ ಎಂದುಕೊಂಡೆವು.

ಹೊರಡುವ ಹಿಂದಿನ ದಿನ, ನಡು ಮಧ್ಯಾಹ್ನ, ತೇನಮ್ಮ ತಮ್ಮ ಕ್ಯಾಮೆರಾಕ್ಕೆ ತಂತಿ ಸಿಕ್ಕಿಸಿ ನಮ್ಮ ಟಿವಿಗೆ ಕೊಟ್ಟರು. ಸತ್ತ ಹುಳಗಳನ್ನು ಬದುಕಿದ್ದಾಗಿನ ಹಾಗೆ ಒಂದು ಸಲ ನೋಡಿ ಎಂದು ಅವರ ಮನಸ್ಸಿನಲ್ಲಿತ್ತು. ಮನೆಯವರಿಗೆ ತೋರಿಸದೆ ಏನನ್ನೂ ಒಯ್ಯಬಾರದೆಂಬುದು ಅವರ ನಿಯಮವೂ ಆಗಿತ್ತು. ಪಕ್ಕದ ಮನೆಯ ಇಬ್ಬರು ಹೆಂಗಸರೂ ಬಂದು ಬಾಗಿಲಲ್ಲಿ ಕೂತರು. ದೊಡ್ಡಮ್ಮನ ಕೈಗಳು ಬಂದವು, ಸೊಪ್ಪು ಹೆಚ್ಚುವ ಕತ್ತಿ ಬಂತು. ದೊಡ್ಡಮ್ಮ ಬಾಯಿಗೆ ಸೆರಗಿಟ್ಟುಕೊಂಡು ನಕ್ಕಳು, ಎಷ್ಟೋ ದಿನದ ಮೇಲೆ. ಆಮೇಲೆ ಮಳೆ. ನೀರಿಳಿಯುವ ಹೊರೆ ಹೊತ್ತು ದೊಡ್ಡಪ್ಪ, ಹಿಂದೆ ಪದ್ಮಕ್ಕ. ತಟ್ಟೆಗೆ ಬೀಳುವ ಒದ್ದೆ ಎಲೆ ಬಿಳಿ ಬೆಳಕಲ್ಲಿ ಫಳಫಳ ಹೊಳೆಯಿತು. "ಅಯ್, ನಮ್ಮನೆ ಎಷ್ಟು ಚೆನ್ನಾಗೈತೆ!" ಎಂದಳು ದೊಡ್ಡಮ್ಮ. ಯಾರೂ ಬೇರೇನೂ ಅನ್ನಲಿಲ್ಲ. ದೊಡ್ಡಪ್ಪ ತಲೆ ಬಗ್ಗಿಸಿ ನೆಲ ನೋಡುತ್ತಿದ್ದ.

ಅದರ ಹಿಂದೆಯೇ ತೋಟ ಬಂತು. ಪರದೆಯ ಮೇಲೆ ನಾವು ಎರಡು ಚುಕ್ಕೆ. ಆದರೆ ಪದ್ಮಕ್ಕನ ಪಿಸುಮಾತು ಪಡಸಾಲೆಯ ತುಂಬ. ನಿನ್ನೆಯಿಂದ ನಾನು ಹೊರಗೆ ಆಗಿದೀನಿ ಕಣೇ. ತೇನಮ್ಮ ಟಿವಿ ನೋಡುತ್ತಿರಲಿಲ್ಲ. ನಮ್ಮ ಮುಖಗಳಲ್ಲಿ ಸಂತೋಷ ಕಾಣಲು ನಮ್ಮನ್ನೇ ನೋಡುತ್ತಿದ್ದರು. ಅವರ ನಗು ಮುಖದಲ್ಲೇ ಉಳಿದು, ಕಣ್ಣುಗಳು ಒಬ್ಬೊಬ್ಬರನ್ನೇ ದಾಟಿ ನನ್ನ ಮೇಲೆ ಬಂದು ನಿಂತವು. ಹುಳದ್ ಮನೆಗೆ ಹೋದ್ಯಲ್ಲ, ಎಂದು ಟಿವಿಯೊಳಗಿನ ನಾನು ಕೇಳುತ್ತಿದ್ದೆ. ದೊಡ್ಡಪ್ಪ ಎದ್ದು ತಂತಿ ಕಿತ್ತ. ಬಾಗಿಲಲ್ಲಿದ್ದ ಹೆಂಗಸರು ಎದ್ದು ಹೋದರು. ಅವರ ಜೊತೆ ಆ ಮಾತೂ ಊರಿಗೆ ಹೋಯಿತು. ಪದ್ಮಕ್ಕ ಕಂಬಕ್ಕೆ ಒರಗಿ ನಿಂತಿದ್ದವಳು ಅಪ್ಪನನ್ನೇ ನೋಡುತ್ತಿದ್ದಳು. ಅಜ್ಜಿ ಕೂಗಾಡಲಿಲ್ಲ. "ಬೆಳೆನೆಲ್ಲ ತಿಂದ್ಬುಟ್ಳು," ಎಂದಷ್ಟೇ ಹೇಳಿ ಗೋಡೆಯ ಕಡೆ ತಿರುಗಿಕೊಂಡಳು.

ಸಂಜೆಯೊಳಗೆ ಪದ್ಮಕ್ಕನನ್ನು ಕೊಟ್ಟಿಗೆಯ ಮೂಲೆಯಲ್ಲಿ ಕೂರಿಸಿದರು. ಸೋದರಮಾವನಿಗೆ ಹೇಳಿಕಳಿಸಿದರು. ದೊಡ್ಡಮ್ಮ ಅವಳ ಶಾಲೆಯ ಚೀಲವನ್ನು ಅಟ್ಟಕ್ಕೆ ಹಾಕಿ ಬಂದು, ಅಡುಗೆಮನೆಯಲ್ಲಿ ಶಬ್ದ ಬಾರದ ಹಾಗೆ ಅತ್ತಳು. ತೇನಮ್ಮ ಏನಾಯಿತೆಂದು ದೊಡ್ಡಮ್ಮನಿಂದ ತಿಳಿದುಕೊಂಡು ಅಜ್ಜಿಯ ಕಾಲು ಹಿಡಿದರು. ಹುಳಕ್ಕೂ ಇದಕ್ಕೂ ಸಂಬಂಧವಿಲ್ಲ, ಮಗು ಓದಲಿ ಎಂದು ಬೇಡಿದರು. ಅಜ್ಜಿ ಕೇಳಲಿಲ್ಲ. ಆಗ ಅವರು ಕ್ಯಾಮೆರಾದಿಂದ ಆ ಪುಟ್ಟ ಕ್ಯಾಸೆಟ್ ತೆಗೆದು, ಅಂಗಳದಲ್ಲಿ ಎಲ್ಲರೆದುರು ಅದರ ಬಾಯಿ ಒಡೆದು, ಕಂದು ಬಣ್ಣದ ಪಟ್ಟಿಯನ್ನು ಎಳೆದೆಳೆದು ನೆಲಕ್ಕೆ ಹಾಕಿದರು. ಅದು ಮಣ್ಣಿನ ಮೇಲೆ ಸುರುಳಿ ಸುರುಳಿಯಾಗಿ ಬಿತ್ತು. "ಇವಾಗ ಯಾತಕ್ಕಮ್ಮ ಅದು," ಎಂದಳು ಅಜ್ಜಿ. ದೊಡ್ಡಪ್ಪ ಅದನ್ನು ಎರಡೂ ಕೈಯಲ್ಲಿ ಬಾಚಿ ಒಲೆಗೆ ಹಾಕಿದ. ದೊಡ್ಡಮ್ಮನ ಕೈಗಳೂ, ಮಳೆಯೂ, ಆ ಒದ್ದೆ ಸೊಪ್ಪೂ ಅದರಲ್ಲೇ ಇದ್ದವು ಎಂದು ಅವತ್ತು ನನಗೆ ಹೊಳೆಯಲಿಲ್ಲ.

ಬೆಳಗ್ಗೆ ತೇನಮ್ಮನನ್ನು ರಸ್ತೆಯವರೆಗೆ ಬಿಡಲು ನಾನೊಬ್ಬಳೇ ಹೋದೆ. ಬಸ್ಸು ಕಾಣಿಸಿಕೊಂಡಾಗ ಅವರು ನನ್ನೆದುರು ಕುಕ್ಕರಿಸಿ, "ಪಾಠ ಅಂದೆಯಲ್ಲ," ಎಂದರು. ನಾನು ಅಳಲು ಶುರುಮಾಡಿದೆ. ಕೆನ್ನೆ ಒರೆಸಿ ಹೇಳಿದರು, ತಪ್ಪು ನಿನ್ನದಲ್ಲ ಕಂದ, ಅರ್ಥವಾಗದ ಮಾತನ್ನು ಇಂಪಾಗಿದೆ ಅಂತ ಎತ್ತಿಕೊಂಡವಳು ನಾನು. ಆಮೇಲೆ ಅವರು ಬರಲಿಲ್ಲ, ಕಾಗದವೂ ಬರಲಿಲ್ಲ. ದೊಡ್ಡವಳಾದ ಮೇಲೆ ಹುಡುಕಿದ್ದೇನೆ. ಆ ಹೆಸರಿನವರು ಮಾಡಿದ ರೇಷ್ಮೆಯ ಚಿತ್ರ ಎಲ್ಲಿಯೂ ಇಲ್ಲ.

ಪದ್ಮಕ್ಕನಿಗೆ ಹದಿನಾಲ್ಕು ತುಂಬುವ ಮೊದಲೇ ಸೋದರಮಾವನ ಜೊತೆ ಮದುವೆಯಾಯಿತು. ದೊಡ್ಡಪ್ಪ ಮತ್ತೆಂದೂ ಹುಳ ಸಾಕಲಿಲ್ಲ. ಕಾರಣ ಕೇಳಿದವರಿಗೆ ಕೈಗೆ ಒಗ್ಗಲ್ಲ ಎನ್ನುತ್ತಿದ್ದ. ಸೊಪ್ಪಿನ ತೋಟ ಕಿತ್ತು ಬೀನ್ಸ್ ಹಾಕಿದ, ಆಮೇಲೆ ಟೊಮ್ಯಾಟೊ. ಅಜ್ಜಿ ಹೋದಳು, ಅವಳ ಹಿಂದೆ ಎರಡು ವರ್ಷಕ್ಕೆ ದೊಡ್ಡಮ್ಮ. ನೆಲ ಗುಲಾಬಿ ಬೆಳೆಯುವವರ ಕೈ ಸೇರಿತು. ಮನೆ ಇದ್ದ ಜಾಗದಲ್ಲಿ ಈಗ ಬಿಳಿ ಪ್ಲಾಸ್ಟಿಕ್ಕಿನ ಉದ್ದನೆಯ ಚಪ್ಪರ. ಹಿತ್ತಲಿನ ಆ ಗುಂಡಿ ಯಾವ ಸಾಲಿನ ಕೆಳಗೆ ಬಂತೋ ಗೊತ್ತಿಲ್ಲ. ಕೊನೆಗಾಲದಲ್ಲಿ ದೊಡ್ಡಪ್ಪ ಮೂಕಂಡಪಲ್ಲಿಯಲ್ಲಿ ನಮ್ಮ ಜೊತೆಗಿದ್ದ. ಒಂದು ಬೆಳಗ್ಗೆ ಗಂಜಿ ಕುಡಿಸುತ್ತಿದ್ದೆ. ಲೋಟ ಪಕ್ಕಕ್ಕೆ ಸರಿಸಿ ಅಂದ, "ಅವತ್ತು ಸೊಪ್ಪು ಒದ್ದೆ ಇತ್ತು ಕಣಮ್ಮ."

"ಯಾವತ್ತು ದೊಡ್ಡಪ್ಪ?"

"ಅದೇ. ಟಿವೀಲಿ ಬಂತಲ್ಲ. ನಾ ಹೇಳ್ಬೇಕಾಗಿತ್ತು. ಅಮ್ಮನ ಮುಂದೆ ಬಾಯಿ ಬರ್ಲಿಲ್ಲ. ಆಮೇಲೆ ಹೊತ್ತೋಗ್ಬುಡ್ತು." ಪದ್ಮಳಿಗೆ ಹೇಳು ಎಂದು ಅವನು ಕೇಳಲಿಲ್ಲ. ಹತ್ತು ದಿನಕ್ಕೆ ಹೋಗಿಬಿಟ್ಟ. ಮಣ್ಣಿಗೆ ಬಂದ ಪದ್ಮಕ್ಕನ ಜೊತೆ, ಆ ಜನದ ನಡುವೆ, ಇದನ್ನಾಡಲು ನನಗೂ ಆಗಲಿಲ್ಲ. ಹೋದ ತಿಂಗಳು ಅಂಚೆಟ್ಟಿಯ ಬಸ್ಸಿಗೆ ಕಾಯುತ್ತಿದ್ದದ್ದು ಅದಕ್ಕೇ.

ಅವಳ ಮನೆ ಬಸ್ಸಿಳಿದ ಮೇಲೂ ಒಂದು ಗಂಟೆ ನಡಿಗೆ. ಜಗಲಿಯ ಮೇಲೆ ಮೊರದಲ್ಲಿ ರಾಗಿ ಕೇರುತ್ತಿದ್ದಳು. ಮೂವತ್ತಕ್ಕೇ ಮುಂಗೂದಲು ನರೆತಿದೆ. ಮಾವ, ಅವಳ ಗಂಡ, ಹೊಲಕ್ಕೆ ಹೋಗಿದ್ದ. ನಾನು ಮೊದಲು ದೊಡ್ಡಪ್ಪನ ಮಾತು ಹೇಳಿದೆ. ಅವಳ ಮೊರ ನಿಲ್ಲಲಿಲ್ಲ.

"ಒದ್ದೆ ಇತ್ತು ಅಂತ ನಂಗೊತ್ತಿಲ್ವಾ? ಅಪ್ಪನ ಜತೆ ನಾನೂ ತಾನೆ ಹೊತ್ಕೊಂಡ್ ಬಂದಿದ್ದು."

"ಮತ್ತೆ ಯಾಕಕ್ಕ ಸುಮ್ನಿದ್ದೆ?"

"ಅಪ್ಪ ಹೇಳ್ತಾನೆ ಅಂತ ಕಾಯ್ತಿದ್ದೆ," ಎಂದಳು. ಹೊಟ್ಟು ಹಾರಿಸಿ, "ಗುಡ್ಲಲ್ಲಿ ಕೂತಿದ್ದಾಗ್ಲೂ ಕಾಯ್ತಿದ್ದೆ. ಮದುವೆ ದಿನಾನೂ."

ಆಮೇಲೆ ನನ್ನ ಸುಳ್ಳನ್ನು ಹೇಳಿದೆ. ತೇನಮ್ಮನಿಗೆ ಅವತ್ತು ನಿಜ ಹೇಳಿದ್ದರೆ ಅವರು ಅದನ್ನು ಯಾರ ಮುಂದೆಯೂ ಹಾಕುತ್ತಿರಲಿಲ್ಲ ಎಂದೆ. ಇಷ್ಟು ವರ್ಷ ಗಂಟಲಲ್ಲಿ ಕೂತಿದ್ದ ಮಾತು ಆಡುವಾಗ ಎಷ್ಟು ಚಿಕ್ಕದಾಗಿತ್ತು. ಪದ್ಮಕ್ಕ ಮೊರ ಕೆಳಗಿಟ್ಟು ನನ್ನನ್ನು ನೋಡಿದಳು.

"ನಾ ಹೇಳ್ಬ್ಯಾಡ ಅಂದೆ, ನೀ ಹೇಳ್ಲಿಲ್ಲ. ಅಷ್ಟೇ ತಾನೆ."

ಸಂಜೆ ಅವಳ ಮಗಳು ಶಾಲೆಯಿಂದ ಬಂದಳು. ಎಂಟನೇ ತರಗತಿ. ಕಾಲಿನ ತುಂಬ ಕೆಂಪು ಧೂಳು. ನೀರು ಕುಡಿದು, ನನ್ನನ್ನು ನೋಡಿ ನಾಚಿ, ಪುಸ್ತಕ ತೆಗೆದುಕೊಂಡು ಒಳಗೆ ಹೋದಳು. ಪದ್ಮಕ್ಕ ಬಾಗಿಲ ಕಡೆ ಒಮ್ಮೆ ನೋಡಿ, ನನ್ನ ಹತ್ತಿರ ಸರಿದು ದನಿ ತಗ್ಗಿಸಿದಳು.

"ಹೋದ ಸಂಕ್ರಾಂತಿಗೆ ಇವ್ಳು ದೊಡ್ಡೋಳಾದ್ಲು. ನಂಗೂ ಇವ್ಳಿಗೂ ಬಿಟ್ರೆ ಯಾರ್ಗೂ ಗೊತ್ತಿಲ್ಲ. ಈವಾಗ ನಿಂಗೆ."

"ಮಾವಂಗೆ ಗೊತ್ತಾದ್ರೆ?" ಎಂದೆ.

"ಗೊತ್ತಾಗೋಗಂಟ ಓದ್ಲಿ," ಎಂದು ಅವಳು ಮತ್ತೆ ಮೊರ ಎತ್ತಿಕೊಂಡಳು.

ಕೊನೆಯ ಬಸ್ಸಿಗೆ ಹೊರಟೆ. ನಮ್ಮೂರಿನ ದಾರಿ ಬಂದಾಗ ಕಂಡಕ್ಟರ್ ಊರಿನ ಹೆಸರು ಕೂಗಿದ. ಯಾರೂ ಏಳಲಿಲ್ಲ. ಕಿಟಕಿಯಾಚೆ ಮುಸ್ಸಂಜೆಯ ಬೆಳಕಿನಲ್ಲಿ ಬಿಳಿ ಚಪ್ಪರಗಳ ಸಾಲು ಮಾತ್ರ ಸ್ವಲ್ಪ ದೂರ ಜೊತೆಗೆ ಬಂದು ಹಿಂದೆ ಉಳಿಯಿತು.